ಆಟದ ಹಣ ವರಮಾನವಾಗುವುದು ಯಾವಾಗ? ವಿಡಿಯೊ ಗೇಮ್ ಕಂಪನಿಗಳ ಲೆಕ್ಕಪತ್ರದ ಬಗ್ಗೆ



ವಿಡಿಯೊ ಗೇಮ್ ಕಂಪನಿಯ ಲೆಕ್ಕದಲ್ಲಿ ಕೈಗೆ ಬಂದ ಹಣವೇ ಬೇರೆ, ವರಮಾನವೇ ಬೇರೆ. ಆಟಗಾರ ಹಣ ಕೊಡುವುದು ಒಂದೇ ಕ್ಷಣದಲ್ಲಿ. ಆ ಹಣಕ್ಕೆ ಪ್ರತಿಯಾಗಿ ಕಂಪನಿ ಕೊಡಬೇಕಾದದ್ದು ಮಾತ್ರ ತಿಂಗಳುಗಟ್ಟಲೆ ನಡೆಯುತ್ತದೆ. ಕೊಡಬೇಕಾದದ್ದನ್ನು ಎಷ್ಟರ ಮಟ್ಟಿಗೆ ಕೊಟ್ಟಿದೆಯೋ ಅಷ್ಟು ವರಮಾನ, ಉಳಿದದ್ದು ಹೊಣೆ. ಭಟ್ಕಳ, ಹೊನ್ನಾವರ, ಕುಮಟಾಗಳ ಸೀಮೆಯಲ್ಲಿ ಯಕ್ಷಗಾನದ ಹರಕೆ ಆಟ ಆಡಿಸುವವರು ಮೇಳಕ್ಕೆ ಮುಂಗಡ ಕೊಟ್ಟು ದಿನ ಗೊತ್ತುಮಾಡಿಕೊಳ್ಳುತ್ತಾರೆ. ಮುಂಗಡ ಪಡೆದ ದಿನ ಮೇಳ ಏನನ್ನೂ ಗಳಿಸಿರುವುದಿಲ್ಲ, ಒಂದು ರಾತ್ರಿಯ ಆಟದ ಋಣವನ್ನು ಹೊತ್ತಿರುತ್ತದೆ. ಚೌಕಿಪೂಜೆಯಿಂದ ಮಂಗಳದವರೆಗೆ ಆಟ ನಡೆದ ಮೇಲೆ ಆ ಹಣ ಮೇಳದ ಗಳಿಕೆ. ಗೇಮ್ ಕಂಪನಿಗೂ ತತ್ತ್ವ ಇದೇ. ತೊಡಕು ಬರುವುದು ಒಂದೇ ಕಡೆ: ಇಡೀ ರಾತ್ರಿಯ ಯಕ್ಷಗಾನದ ಮಂಗಳ ಬೆಳಗಿನ ಜಾವಕ್ಕೆ ಬರುತ್ತದೆಂದು ಎಲ್ಲರಿಗೂ ಗೊತ್ತು, ಮೊಬೈಲಿನ ಆಟಕ್ಕೆ ಅಂಥ ಗೊತ್ತಾದ ಕೊನೆ ಇಲ್ಲ. ಆ ಕೊನೆಯನ್ನು ಕಂಪನಿಯೇ ಅಂದಾಜು ಮಾಡುತ್ತದೆ, ಅದರ ವರಮಾನದ ಅಂಕಿ ಆ ಅಂದಾಜನ್ನು ಅವಲಂಬಿಸಿ ನಿಲ್ಲುತ್ತದೆ.

ಈ ಉಪನ್ಯಾಸದ ವ್ಯಾಪ್ತಿ ವರಮಾನಕ್ಕೆ ಮಾತ್ರ ಸೀಮಿತ. ಆಟ ತಯಾರಿಸಲು ತಗಲುವ ವೆಚ್ಚ, ಕಂಪನಿಯ ಮೌಲ್ಯಮಾಪನ ಇವು ಇಲ್ಲಿ ಬರುವುದಿಲ್ಲ. ಮೊದಲು ನಿಯಮ, ಅನಂತರ ಬೆಂಗಳೂರಿನ ಒಂದು ಹಳೆಯ ಸ್ಟುಡಿಯೊದ ಉದಾಹರಣೆ, ಆಮೇಲೆ ಆಟದೊಳಗಿನ ಖರೀದಿ, ಕೊನೆಗೆ ಹಣ ಕಟ್ಟಿ ಆಡುವ ಆಟಗಳು ಮತ್ತು ಸಣ್ಣ ಸ್ಟುಡಿಯೊಗಳ ವಿಷಯ. ಮೂರನೆಯ ಭಾಗಕ್ಕೆ ಹೆಚ್ಚು ಹೊತ್ತು ಬೇಕಾಗುತ್ತದೆ.

ನಿಯಮದಿಂದ ಆರಂಭಿಸಬೇಕು. ಆಟ ಸಿಡಿಯಲ್ಲಿ ಮಾರಾಟವಾಗುತ್ತಿದ್ದ ಕಾಲದಲ್ಲಿ ಲೆಕ್ಕ ಸರಳವಾಗಿತ್ತು. ಪೆಟ್ಟಿಗೆ ವಿತರಕನ ಕೈ ಸೇರಿದಾಗ ವರಮಾನ. ಮಾರಾಟವಾಗದೆ ವಾಪಸು ಬರಬಹುದಾದ ಪೆಟ್ಟಿಗೆಗಳ ಅಂದಾಜನ್ನು ಮಾತ್ರ ಕಳೆಯಬೇಕಿತ್ತು. ಅಂತರ್ಜಾಲ ಬಂದ ಮೇಲೆ ಮಾರಿದ ಆಟಕ್ಕೂ ಮಾರಾಟಗಾರನಿಗೂ ಸಂಬಂಧ ಮುಗಿಯುವುದೇ ಇಲ್ಲವೆಂಬ ಸ್ಥಿತಿ ಬಂತು. ಹೊಸ ಹಂತಗಳು ಬರುತ್ತವೆ, ದೋಷಗಳನ್ನು ತಿದ್ದಬೇಕು, ಹತ್ತಾರು ಜನ ಒಟ್ಟಿಗೆ ಆಡಲು ಸರ್ವರ್ ಸದಾ ಓಡುತ್ತಿರಬೇಕು. ಅಮೆರಿಕದ ಹಳೆಯ ನಿಯಮದಲ್ಲಿ ಇಂಥ ಮುಂದಿನ ಸೇವೆಗೆ ಪ್ರತ್ಯೇಕ ಮಾರಾಟ ಬೆಲೆಯ ಸಾಕ್ಷ್ಯ ಇಲ್ಲದಿದ್ದರೆ ಇಡೀ ಮೊತ್ತವನ್ನು ಮುಂದೂಡಬೇಕಾಗುತ್ತಿತ್ತು. 2014ರ ಮೇ 28ರಂದು ಅಂತರರಾಷ್ಟ್ರೀಯ ಲೆಕ್ಕಪತ್ರ ಮಾನದಂಡ ಮಂಡಳಿಯೂ ಅಮೆರಿಕದ ಲೆಕ್ಕಪತ್ರ ಮಾನದಂಡ ಮಂಡಳಿಯೂ ಜೊತೆಗೂಡಿ ಹೊಸ ಮಾನದಂಡ ಹೊರಡಿಸಿದವು. ಅಂತರರಾಷ್ಟ್ರೀಯ ಮಾನದಂಡದ ಭಾರತೀಯ ರೂಪವೇ ಇಂಡ್ ಎಎಸ್ 115. ಇದನ್ನು 2018ರ ಮಾರ್ಚ್ 28ರಂದು ಅಧಿಸೂಚಿಸಲಾಯಿತು, ಏಪ್ರಿಲ್ 1ರಿಂದ ಜಾರಿಗೆ ಬಂತು.

ಈ ಮಾನದಂಡ ಐದು ಹೆಜ್ಜೆ ಹೇಳುತ್ತದೆ. ಗ್ರಾಹಕನೊಂದಿಗೆ ಒಪ್ಪಂದ ಇದೆಯೇ ಎಂದು ನೋಡಬೇಕು. ಆ ಒಪ್ಪಂದದಲ್ಲಿ ಏನೇನು ಕೊಡುವುದಾಗಿ ಮಾತು ಕೊಟ್ಟಿದೆ ಎಂದು ಬಿಡಿಸಬೇಕು. ಒಟ್ಟು ಬೆಲೆ ಎಷ್ಟೆಂದು ನಿರ್ಧರಿಸಬೇಕು. ಆ ಬೆಲೆಯನ್ನು ಒಂದೊಂದು ಮಾತಿಗೂ ಹಂಚಬೇಕು. ಮಾತು ನಡೆಸಿಕೊಟ್ಟಾಗ ಅಥವಾ ನಡೆಸಿಕೊಡುತ್ತ ಹೋದಂತೆ ವರಮಾನ ಬರೆಯಬೇಕು. ಎಲೆಕ್ಟ್ರಾನಿಕ್ ಆರ್ಟ್ಸ್‌ನಂಥ ದೊಡ್ಡ ಕಂಪನಿ ತಾನು ಮಾರುವ ಆಟದಲ್ಲಿ ಮೂರು ಮಾತುಗಳನ್ನು ಗುರುತಿಸುತ್ತದೆ: ಮಾರಾಟದ ದಿನ ಕೈಗೆ ಸಿಗುವ ಆಟ, ಮುಂದೆ ಬರಲಿರುವ ಅಪ್‌ಡೇಟುಗಳ ಹಕ್ಕು, ಆನ್‌ಲೈನ್ ಆಟಕ್ಕೆ ಸರ್ವರ್ ಸೌಲಭ್ಯ. ತೆರಿಗೆ ಬಿಟ್ಟು 4,000 ರೂಪಾಯಿಯ ಆಟವೊಂದರಲ್ಲಿ ಮೊದಲನೆಯದಕ್ಕೆ 3,000, ಉಳಿದೆರಡಕ್ಕೆ 1,000 ಹಂಚಿದೆ, ಸೇವೆಯ ಅವಧಿಯ ಅಂದಾಜು ಹತ್ತು ತಿಂಗಳು ಎಂದಿಟ್ಟುಕೊಂಡರೆ, ಮಾರಾಟದ ದಿನವೇ 3,000 ವರಮಾನ. ಉಳಿದದ್ದು ತಿಂಗಳಿಗೆ 100ರಂತೆ ಬರುತ್ತ ಹೋಗುತ್ತದೆ. ಚಂದಾ ಕಟ್ಟಿ ಆಡುವ ಆಟಗಳಲ್ಲಿ ಇಷ್ಟು ಬಿಡಿಸುವ ಕೆಲಸವಿಲ್ಲ. 2021ರ ಮಾರ್ಚ್‌ನಲ್ಲಿ ಷೇರುಪೇಟೆಗೆ ಬಂದ ಮುಂಬೈಯ ನಜಾರಾ ಟೆಕ್ನಾಲಜೀಸ್ ಸಮೂಹದ ಕಿಡ್ಡೋಪಿಯಾ ಎಂಬ ಮಕ್ಕಳ ಆ್ಯಪ್ ಚಂದಾದಿಂದ ನಡೆಯುವಂಥದು. ವರ್ಷದ ಚಂದಾ ಒಮ್ಮೆಗೇ ಬಂದರೂ ಒಂದೊಂದು ತಿಂಗಳಿಗೆ ಹನ್ನೆರಡರಲ್ಲಿ ಒಂದು ಪಾಲಷ್ಟೇ ವರಮಾನವಾಗುತ್ತದೆ.

ಒಪ್ಪಂದ ಎಂಬ ಮೊದಲ ಹೆಜ್ಜೆಯ ಬಗ್ಗೆ ಇಲ್ಲೇ ಒಂದು ಮಾತು ಸೇರಿಸಬೇಕು. ಬಿ.ಕಾಂ. ತರಗತಿಯಲ್ಲಿ ಓದುವ 1903ರ ಮೋಹರಿ ಬೀಬಿ ಪ್ರಕರಣದ ಪ್ರಕಾರ ಅಪ್ರಾಪ್ತ ವಯಸ್ಕರ ಒಪ್ಪಂದ ಆರಂಭದಿಂದಲೇ ಅನೂರ್ಜಿತ. ಅಪ್ಪನ ಫೋನಿನಲ್ಲಿ ಯುಪಿಐ ಪಿನ್ ಒತ್ತಿ ಮಗು ಕೊಂಡದ್ದಕ್ಕೆ ಈ ತೀರ್ಪು ನೇರವಾಗಿ ತಟ್ಟುತ್ತದೆ. ಪೋಷಕರು ದೂರು ಕೊಟ್ಟಾಗ ಹಣ ಹಿಂದಿರುಗಿಸಬೇಕಾದ ಸಂದರ್ಭಗಳು ಬರುತ್ತಲೇ ಇರುತ್ತವೆ. ಹಾಗೆ ಹಿಂದೆ ಹೋಗಬಹುದಾದ ಮೊತ್ತವನ್ನು ಅನುಭವದ ಮೇಲೆ ಅಂದಾಜು ಮಾಡಿ, ಮೊದಲೇ ವರಮಾನದಿಂದ ಹೊರಗಿಟ್ಟು, ಹೊಣೆಯಾಗಿ ತೋರಿಸಬೇಕು. ಮಕ್ಕಳೇ ಹೆಚ್ಚಾಗಿ ಆಡುವ ಆಟದಲ್ಲಿ ಇದನ್ನು ಲೆಕ್ಕ ಪರಿಶೋಧಕರು ಸಣ್ಣ ವಿಷಯವೆಂದು ದಾಟಿ ಹೋಗಬಾರದು.

ಈಗ ಎರಡನೆಯ ಭಾಗಕ್ಕೆ, ಅಂದರೆ ಬೆಂಗಳೂರಿಗೆ ಬರಬಹುದು. ರಾಜೇಶ್ ರಾವ್ 1997ರಲ್ಲಿ ಸ್ಥಾಪಿಸಿದ ಧ್ರುವ ಇಂಟರ್‌ಆ್ಯಕ್ಟಿವ್ ಭಾರತದ ಮೊದಲ ಗೇಮ್ ಸ್ಟುಡಿಯೊಗಳಲ್ಲಿ ಒಂದು. ಫ್ರಾನ್ಸಿನ ಇನ್ಫೋಗ್ರಾಮ್ಸ್‌ಗಾಗಿ ಮಿಷನ್ ಇಂಪಾಸಿಬಲ್ ಆಟದ ಪಿಸಿ ರೂಪದ ಕೆಲಸ ಮಾಡಿದ ಈ ಸಂಸ್ಥೆ, ಮುಂದೆ ಫೋರ್ಜಾದಂಥ ಹೆಸರಾಂತ ಸರಣಿಗಳಿಗೆ ಚಿತ್ರಕಲೆಯ ಕೆಲಸ ಮಾಡಿಕೊಟ್ಟಿತು. ಕಾರು, ಕಟ್ಟಡ, ಬೀದಿ ಇವನ್ನು ಇಲ್ಲಿ ರೂಪಿಸಿ ಕಳಿಸುವುದು, ಆಟವನ್ನು ಬೇರೆಯವರು ಮಾರುವುದು. ಇಂಥ ಕಂಪನಿಗೆ ಆಟಗಾರ ಗ್ರಾಹಕನಲ್ಲ. ಕೆಲಸ ಕೊಟ್ಟ ಕಂಪನಿಯೇ ಗ್ರಾಹಕ. ಮಾರಾಟದಲ್ಲಿ ಪಾಲು ಇಲ್ಲದಿದ್ದರೆ, ಆಟ ಕೋಟಿ ಪ್ರತಿ ಮಾರಿದರೂ ಒಂದೂ ಮಾರದಿದ್ದರೂ ಅದರ ವರಮಾನ ಬದಲಾಗುವುದಿಲ್ಲ.

ಇಲ್ಲಿ ಲೆಕ್ಕದ ಪ್ರಶ್ನೆ ಬೇರೆ. ಕೆಲಸ ಪೂರ್ತಿ ಒಪ್ಪಿಸಿದ ದಿನ ವರಮಾನ ಬರೆಯಬೇಕೇ, ಕೆಲಸ ಸಾಗಿದಂತೆ ಬರೆಯಬೇಕೇ? ತಯಾರಾಗುತ್ತಿರುವ ಮಾದರಿಯನ್ನು ಬೇರೆ ಯಾರಿಗೂ ಮಾರಲು ಬರದಿದ್ದರೆ, ನಡುವೆ ಒಪ್ಪಂದ ನಿಂತರೂ ಅಲ್ಲಿಯವರೆಗಿನ ಕೆಲಸಕ್ಕೆ ಹಣ ಕೇಳುವ ಹಕ್ಕಿದ್ದರೆ, ಕೆಲಸ ಸಾಗಿದಂತೆ ವರಮಾನ ಬರೆಯಬೇಕೆಂದು ಇಂಡ್ ಎಎಸ್ 115ರ 35ನೇ ಪರಿಚ್ಛೇದ ಹೇಳುತ್ತದೆ. ಹತ್ತು ಕಾರುಗಳ ಮಾದರಿಗೆ 20 ಲಕ್ಷದ ಒಪ್ಪಂದವಾಗಿದ್ದು, ಮಾರ್ಚ್ 31ಕ್ಕೆ ಅಂದಾಜು ವೆಚ್ಚದ ಶೇ. 40ರಷ್ಟು ಖರ್ಚಾಗಿದ್ದರೆ, ಬಿಲ್ಲು ಕಳಿಸಿರಲಿ ಬಿಡಲಿ, 8 ಲಕ್ಷ ಆ ವರ್ಷದ ವರಮಾನ. ಬಿಲ್ಲು ಮಾಡದೆ ಉಳಿದದ್ದು ಆಸ್ತಿಯ ಕಡೆ ಕೂರುತ್ತದೆ. ಕೆಲಸಕ್ಕೆ ಬದಲಾಗಿ, ಅಥವಾ ಅದರ ಜೊತೆಗೆ, ಆಟದ ಮಾರಾಟದಲ್ಲಿ ಪಾಲು ಪಡೆಯುವ ಒಪ್ಪಂದವೂ ಇರಬಹುದು. ಹಕ್ಕುಸ್ವಾಮ್ಯದ ಬಳಕೆಗೆ ಬರುವ ಅಂಥ ರಾಯಲ್ಟಿಯನ್ನು ಮುಂಚಿತವಾಗಿ ಅಂದಾಜು ಮಾಡಿ ಬರೆಯುವಂತಿಲ್ಲ. ಮಾರಾಟ ನಡೆದ ಮೇಲೆಯೇ ಬರೆಯಬೇಕು.

ಧ್ರುವದ ಮುಂದಿನ ಕಥೆ ಇನ್ನೊಂದು ಪಾಠ ಕಲಿಸುತ್ತದೆ. ಸ್ವೀಡನ್ನಿನ ಸ್ಟಾರ್‌ಬ್ರೀಝ್ ಈ ಸ್ಟುಡಿಯೊವನ್ನು ಕೊಂಡಿತು. ತಾನೇ ಹಣಕಾಸಿನ ಮುಗ್ಗಟ್ಟಿಗೆ ಸಿಕ್ಕಾಗ, 2019ರಲ್ಲಿ ತನ್ನ ಶೇ. 91.82 ಪಾಲನ್ನು 79 ಲಕ್ಷ ಡಾಲರಿಗೆ ರಾಕ್‌ಸ್ಟಾರ್ ಗೇಮ್ಸ್‌ಗೆ ಮಾರಿತು. ಧ್ರುವದ ಕಲಾವಿದರು ಬೆಂಗಳೂರಿನ ರಾಕ್‌ಸ್ಟಾರ್ ಇಂಡಿಯಾದೊಳಗೆ ಸೇರಿಹೋದರು. ಅವರ ದಿನದ ಕೆಲಸ ಹೆಚ್ಚುಕಡಿಮೆ ಅದೇ. ಆದರೆ ಲೆಕ್ಕದ ನೆಲೆ ಪೂರ್ತಿ ಬದಲಾಯಿತು. ಒಂದೇ ಸಮೂಹದ ಕಂಪನಿಗಳು ಪರಸ್ಪರ ಮಾಡಿಕೊಡುವ ಸೇವೆ ಭಾರತದ ಕಂಪನಿಯ ಸ್ವಂತ ಲೆಕ್ಕದಲ್ಲಿ ವರಮಾನವಾಗಿ ಕಾಣುತ್ತದೆ; ಮಾತೃಸಂಸ್ಥೆ ಟೇಕ್-ಟೂ ಸಮೂಹದ ಒಟ್ಟುಗೂಡಿಸಿದ ಲೆಕ್ಕದಲ್ಲಿ ವಜಾ ಆಗುತ್ತದೆ. ಹೊರಗಿನ ಆಟಗಾರ ಕೊಟ್ಟ ಹಣ ಮಾತ್ರ ಅಲ್ಲಿ ವರಮಾನ. ಬೆಂಗಳೂರಿನ ಗೇಮ್ ಉದ್ಯಮದ ಗಾತ್ರವನ್ನು ಇಲ್ಲಿಯ ಕಂಪನಿಗಳ ವರಮಾನದಿಂದ ಅಳೆಯುವವರು ಈ ವ್ಯತ್ಯಾಸವನ್ನು ನೆನಪಿಡಬೇಕು.

ಮೂರನೆಯ ಭಾಗ ಆಟದೊಳಗಿನ ಖರೀದಿಗೆ ಸೇರಿದ್ದು. ಆಟ ಪುಕ್ಕಟೆ; ಒಳಗೆ ರತ್ನ, ನಾಣ್ಯ, ಕತ್ತಿ, ಉಡುಪು ಮಾರಾಟಕ್ಕಿವೆ. ಇಲ್ಲಿ ಒಂದು ಖರೀದಿಯನ್ನು ಕೊನೆಯವರೆಗೂ ಹಿಂಬಾಲಿಸಿದರೆ ನಿಯಮ ಸ್ಪಷ್ಟವಾಗುತ್ತದೆ. ಮಾರ್ಚ್ 1ರಂದು ಭಟ್ಕಳ ಸೀಮೆಯ ಮಾವಳ್ಳಿಯ ಯುವಕನೊಬ್ಬ 118 ರೂಪಾಯಿ ಕೊಟ್ಟು ನೂರು ರತ್ನ ಕೊಳ್ಳುತ್ತಾನೆ ಎಂದುಕೊಳ್ಳೋಣ. ಇದರಲ್ಲಿ 18 ರೂಪಾಯಿ ಜಿಎಸ್‌ಟಿ. ಅದು ಸರ್ಕಾರದ ಪರವಾಗಿ ವಸೂಲು ಮಾಡಿದ ಹಣ, ವರಮಾನದ ಲೆಕ್ಕಕ್ಕೆ ಬರುವುದಿಲ್ಲ. ಉಳಿದದ್ದು 100 ರೂಪಾಯಿ. ತಿಂಗಳೊಳಗೆ ಅವನು ಅರವತ್ತು ರತ್ನಗಳನ್ನು ಹೆಚ್ಚುವರಿ ಜೀವಗಳಿಗೆ ಖರ್ಚು ಮಾಡಿದ. ಜೀವ ಬಳಸಿದೊಡನೆ ಮುಗಿಯುವ ವಸ್ತು, ಆದ್ದರಿಂದ 60 ರೂಪಾಯಿ ಕೂಡಲೇ ವರಮಾನ. ಮೂವತ್ತು ರತ್ನಗಳಿಗೆ ಒಂದು ಕತ್ತಿ ಕೊಂಡ. ಕತ್ತಿ ಮುಗಿಯುವುದಿಲ್ಲ, ಅವನು ಆಡುವಷ್ಟು ಕಾಲ ಅದನ್ನು ಒದಗಿಸುತ್ತಿರಬೇಕು. ಇಂಥ ಆಟಗಾರ ಸರಾಸರಿ ಹತ್ತು ತಿಂಗಳು ಆಡುತ್ತಾನೆ ಎಂಬುದು ಕಂಪನಿಯ ಅಂದಾಜಾದರೆ, ಮಾರ್ಚ್ ತಿಂಗಳ ಪಾಲು 3 ರೂಪಾಯಿ. ಇನ್ನೂ ಮುಟ್ಟದ ಹತ್ತು ರತ್ನಗಳಿಗೆ ವರಮಾನವೇ ಇಲ್ಲ. ಹೀಗೆ ಮಾರ್ಚ್ 31ರ ಲಾಭ-ನಷ್ಟ ಖಾತೆಯಲ್ಲಿ 63 ರೂಪಾಯಿ, ಬ್ಯಾಲೆನ್ಸ್ ಶೀಟಿನ ಹೊಣೆಯ ಕಡೆ 37 ರೂಪಾಯಿ. ಆ್ಯಪ್ ಅಂಗಡಿ ಹಿಡಿದುಕೊಂಡ ಶುಲ್ಕ ಶೇ. 30 ಆಗಿದ್ದರೆ, ಆ 30 ರೂಪಾಯಿಯನ್ನೂ ಅದೇ ಪ್ರಮಾಣದಲ್ಲಿ ಸೀಳುವುದು ರೂಢಿ: 18.90 ಈ ವರ್ಷದ ವೆಚ್ಚ, 11.10 ಮುಂದಕ್ಕೆ.

ಮುಟ್ಟದೆ ಉಳಿದ ರತ್ನಗಳೂ ಶಾಶ್ವತವಾಗಿ ಹೊಣೆಯಾಗಿ ಉಳಿಯಬೇಕಿಲ್ಲ. ಕೊಂಡವರಲ್ಲಿ ಒಂದು ಪಾಲು ಜನ ಎಂದೂ ಖರ್ಚು ಮಾಡುವುದಿಲ್ಲ ಎಂದು ಹಿಂದಿನ ದಾಖಲೆಗಳಿಂದ ಭರವಸೆಯಿಂದ ಹೇಳಬಹುದಾದರೆ, ಉಳಿದವರು ಖರ್ಚು ಮಾಡುವ ಪ್ರಮಾಣಕ್ಕೆ ಅನುಗುಣವಾಗಿ ಆ ಪಾಲನ್ನೂ ವರಮಾನಕ್ಕೆ ತರಲು ಮಾನದಂಡ ಅವಕಾಶ ಕೊಡುತ್ತದೆ.

ಈ ಇಡೀ ಲೆಕ್ಕದಲ್ಲಿ ಹತ್ತು ತಿಂಗಳು ಎಂಬ ಅಂದಾಜನ್ನು ಮುಟ್ಟಿದರೆ ಉಳಿದೆಲ್ಲ ಅಂಕಿಗಳೂ ಅಲುಗಾಡುತ್ತವೆ. ಇದನ್ನು ಜಗತ್ತಿಗೆ ದೊಡ್ಡದಾಗಿ ತೋರಿಸಿದ್ದು ಝಿಂಗಾ. ಫಾರ್ಮ್‌ವಿಲ್ ಎಂಬ ಕೃಷಿ ಆಟದಿಂದ ಹೆಸರಾದ ಈ ಕಂಪನಿ 2010ರಲ್ಲಿ ಬೆಂಗಳೂರಿನಲ್ಲಿ ಕಚೇರಿ ತೆರೆಯಿತು, 2011ರ ಡಿಸೆಂಬರಿನಲ್ಲಿ ಅಮೆರಿಕದ ಷೇರುಪೇಟೆಗೆ ಬಂತು. 2010ರಲ್ಲಿ ಅದರ ಒಟ್ಟು ಮಾರಾಟ ಸುಮಾರು 83.9 ಕೋಟಿ ಡಾಲರಿನಷ್ಟು; ವರಮಾನವಾಗಿ ತೋರಿಸಿದ್ದು ಸುಮಾರು 59.7 ಕೋಟಿ. ನಡುವಿನ ಅಂತರದ ಬಹುಪಾಲು ಮುಂದೂಡಿದ ಹಣ. ಬಳಸಿದೊಡನೆ ಮುಗಿಯುವ ವಸ್ತು, ಉಳಿಯುವ ವಸ್ತು ಎಂದು ಝಿಂಗಾ ಎರಡು ಬಗೆ ಮಾಡಿತ್ತು. ಯಾವುದಾದರೂ ಆಟದಲ್ಲಿ ಈ ಎರಡನ್ನು ಬೇರ್ಪಡಿಸುವ ದಾಖಲೆ ಇಲ್ಲದಿದ್ದರೆ ಆ ಆಟದ ಎಲ್ಲ ಮಾರಾಟವನ್ನೂ ಆಟಗಾರನ ಸರಾಸರಿ ಅವಧಿಗೆ ಹರಡುತ್ತಿತ್ತು. ಎಚ್ಚರಿಕೆಯ ಈ ಕ್ರಮ ಸರಿಯಾದದ್ದೇ. 2022ರ ಮೇ ತಿಂಗಳಲ್ಲಿ ಟೇಕ್-ಟೂ ಸುಮಾರು 1,270 ಕೋಟಿ ಡಾಲರಿಗೆ ಝಿಂಗಾವನ್ನು ಕೊಂಡಾಗ, ಧ್ರುವದಿಂದ ಬಂದವರೂ ಝಿಂಗಾದ ಬೆಂಗಳೂರು ಬಳಗವೂ ಒಂದೇ ಮಾತೃಸಂಸ್ಥೆಯ ಅಡಿಗೆ ಬಂದಂತಾಯಿತು.

ರೋಬ್ಲಾಕ್ಸ್ ಎಂಬ ಗೇಮ್ ಕಂಪನಿಯಲ್ಲಿ ಅಂತರ ಇನ್ನೂ ದೊಡ್ಡದು. 2020ರಲ್ಲಿ ಮಾರಾಟ ಸುಮಾರು 188 ಕೋಟಿ ಡಾಲರ್, ವರಮಾನ 92.4 ಕೋಟಿ. ಹಣ ಕೊಡುವ ಆಟಗಾರ ಸರಾಸರಿ 23 ತಿಂಗಳು ಉಳಿಯುತ್ತಾನೆ ಎಂಬುದು ಆಗಿನ ಅಂದಾಜು. 2022ರಲ್ಲಿ ಅದು 28 ತಿಂಗಳಿಗೆ ಏರಿತು. ಇದರ ಪರಿಣಾಮವನ್ನು ಸಣ್ಣ ಅಂಕಿಯಲ್ಲಿ ನೋಡಬಹುದು. 2,300 ರೂಪಾಯಿಯನ್ನು 23 ತಿಂಗಳಿಗೆ ಹರಡಿದರೆ ತಿಂಗಳಿಗೆ 100. 28 ತಿಂಗಳಿಗೆ ಹರಡಿದರೆ ಸುಮಾರು 82. ಆಟಗಾರರು ಹೆಚ್ಚು ಕಾಲ ಉಳಿಯುತ್ತಿದ್ದಾರೆ ಎಂಬ ಶುಭ ಸುದ್ದಿಗೆ ಆ ವರ್ಷದ ವರಮಾನ ಇಳಿಯುತ್ತದೆ, ನಷ್ಟ ಹೆಚ್ಚಾಗಿ ಕಾಣುತ್ತದೆ. ಬ್ಯಾಂಕಿಗೆ ಬಂದ ಹಣದಲ್ಲಿ ಒಂದು ಪೈಸೆಯೂ ಕಡಿಮೆಯಾಗಿರುವುದಿಲ್ಲ. ಅಂದಾಜು ಬದಲಾದರೆ ಅದರ ಪರಿಣಾಮವನ್ನು ಬದಲಾದ ಅವಧಿಗೂ ಮುಂದಿನ ಅವಧಿಗಳಿಗೂ ಮಾತ್ರ ಅನ್ವಯಿಸಬೇಕು, ಹಳೆಯ ವರ್ಷಗಳ ಲೆಕ್ಕ ತಿದ್ದಬಾರದು ಎಂದು ಇಂಡ್ ಎಎಸ್ 8 ಹೇಳುತ್ತದೆ. ಆದ್ದರಿಂದ ಗೇಮ್ ಕಂಪನಿಯ ವಾರ್ಷಿಕ ವರದಿ ಓದುವವರು ಮೊದಲು ಹುಡುಕಬೇಕಾದ್ದು ಈ ತಿಂಗಳುಗಳ ಸಂಖ್ಯೆಯನ್ನು. ಅದನ್ನು ಟಿಪ್ಪಣಿಗಳಲ್ಲಿ ಅಂಕಿಯಲ್ಲೇ ಹೇಳದ ವರದಿಯಲ್ಲಿ ವರಮಾನದ ಏರಿಳಿತಕ್ಕೆ ಅರ್ಥ ಹಚ್ಚುವುದು ಕಷ್ಟ. ವರಮಾನದ ಜೊತೆಗೆ ಆ ವರ್ಷದ ಒಟ್ಟು ಮಾರಾಟವನ್ನೂ ಇಟ್ಟು ನೋಡಬೇಕು: ಬೆಳೆಯುತ್ತಿರುವ ಕಂಪನಿಯಲ್ಲಿ ಮಾರಾಟ ಮುಂದಿರುತ್ತದೆ, ವರಮಾನ ಹಿಂದಿನಿಂದ ಬರುತ್ತದೆ, ಕುಗ್ಗುತ್ತಿರುವ ಕಂಪನಿಯಲ್ಲಿ ಹಳೆಯ ಹೊಣೆ ಕರಗಿ ವರಮಾನವಾಗುತ್ತ ಕೆಲಕಾಲ ಕುಸಿತವನ್ನು ಮುಚ್ಚಿಡುತ್ತದೆ.

ಆಟವೇ ನಿಂತುಹೋದರೆ? ಮೊದಲ ಫಾರ್ಮ್‌ವಿಲ್ 2020ರ ಡಿಸೆಂಬರ್ 31ರಂದು ಮುಚ್ಚಿತು. ಅದರೊಳಗಿನ ಖರೀದಿ ನವೆಂಬರ್ ತಿಂಗಳಲ್ಲೇ ನಿಂತಿತ್ತು. ಮುಚ್ಚುವ ದಿನ ಗೊತ್ತಾದೊಡನೆ ಅಂದಾಜಿನ ಜಾಗಕ್ಕೆ ನಿಜವಾದ ಕೊನೆ ಬರುತ್ತದೆ. ಹಿಂದಿರುಗಿಸಬೇಕಾದ ಹಣ ಇಲ್ಲದಿದ್ದರೆ ಉಳಿದ ಹೊಣೆಯೆಲ್ಲ ಆ ದಿನದೊಳಗೆ ವರಮಾನವಾಗಬೇಕು. ಒಂದು ಆಟ ಸಾಯುವ ತ್ರೈಮಾಸಿಕದಲ್ಲಿ ಅದರ ವರಮಾನ ಹಿಗ್ಗಿ ಕಾಣುವುದು ಹೀಗೆ.

ಇದೇ ಭಾಗದಲ್ಲಿ ಇನ್ನೊಂದು ಪ್ರಶ್ನೆ ಸೇರುತ್ತದೆ: ಆಟಗಾರನಿಗೆ ಮಾರಿದವರು ಯಾರು, ಆಟದ ಕಂಪನಿಯೋ ಆ್ಯಪ್ ಅಂಗಡಿಯೋ? ಬೆಲೆ ನಿರ್ಧರಿಸುವವರು, ವಸ್ತುವನ್ನು ಒದಗಿಸುವ ಹೊಣೆ ಹೊತ್ತವರು, ಕೊಡುವ ಮೊದಲು ಅದರ ಮೇಲೆ ಹಿಡಿತ ಉಳ್ಳವರು ಅಸಲು ಮಾರಾಟಗಾರರು, ಉಳಿದವರು ಏಜೆಂಟರು. ಕಂಪನಿಯೇ ಮಾರಾಟಗಾರನಾದರೆ ಹಿಂದಿನ ಉದಾಹರಣೆಯ 100 ರೂಪಾಯಿಯೂ ಅದರ ಲೆಕ್ಕಕ್ಕೆ ಬರುತ್ತದೆ, ಅಂಗಡಿಯ 30 ವೆಚ್ಚವಾಗುತ್ತದೆ. ಇಲ್ಲದಿದ್ದರೆ 70 ಮಾತ್ರ ವರಮಾನ. ಲಾಭ ಎರಡರಲ್ಲೂ ಒಂದೇ. ಎಲೆಕ್ಟ್ರಾನಿಕ್ ಆರ್ಟ್ಸ್ ಆ್ಯಪಲ್ ಮತ್ತು ಗೂಗಲ್ ಅಂಗಡಿಗಳ ಮೂಲಕ ಮಾರಿದ್ದನ್ನು ಪೂರ್ಣ ಮೊತ್ತದಲ್ಲೂ, ಸೋನಿ ಮತ್ತು ಮೈಕ್ರೋಸಾಫ್ಟ್ ಅಂಗಡಿಗಳಲ್ಲಿ ಮಾರಿದ್ದನ್ನು ಪಾಲು ಕಳೆದೂ ತೋರಿಸುತ್ತದೆ. ಒಂದೇ ಕಂಪನಿಯ ಒಂದೇ ವರ್ಷದ ವರಮಾನದೊಳಗೆ ಎರಡು ಅಳತೆಗಳಿವೆ. ಎರಡು ಕಂಪನಿಗಳ ವರಮಾನವನ್ನು ಅಕ್ಕಪಕ್ಕ ಇಟ್ಟು ಹೋಲಿಸುವ ಮುನ್ನ ಈ ಟಿಪ್ಪಣಿಯನ್ನು ಓದಲೇಬೇಕು.

ನಾಲ್ಕನೆಯ ಭಾಗ ಹಣ ಕಟ್ಟಿ ಆಡುವ ಆಟಗಳದು. ಇಲ್ಲಿಯ ವಿವಾದದ ಕೇಂದ್ರ ಕರ್ನಾಟಕವೇ. ಇಬ್ಬರು ಆನ್‌ಲೈನ್ ರಮ್ಮಿಗೆ ತಲಾ 100 ರೂಪಾಯಿ ಕಟ್ಟುತ್ತಾರೆ, ಕಂಪನಿ 20 ರೂಪಾಯಿ ವೇದಿಕೆ ಶುಲ್ಕ ಇಟ್ಟುಕೊಂಡು ಗೆದ್ದವನಿಗೆ 180 ಕೊಡುತ್ತದೆ ಎಂದಿಟ್ಟುಕೊಂಡರೆ, ಕಂಪನಿಯ ವರಮಾನ 200 ಅಲ್ಲ, 20. ಮಿಕ್ಕ ಹಣ ಅದರ ಕೈ ದಾಟಿ ಹೋಗುವುದಷ್ಟೇ. ಆಟಗಾರನ ವಾಲೆಟ್ಟಿನಲ್ಲಿ ಉಳಿದ ಹಣವೂ ಅವನಿಗೆ ಸೇರಿದ್ದು, ಕಂಪನಿಗೆ ಹೊಣೆ. ಹೊಸಬರನ್ನು ಸೆಳೆಯಲು ಕೊಡುವ ಬೋನಸ್ಸು ಗ್ರಾಹಕನಿಗೇ ಸಲ್ಲುವ ಹಣವಾದ್ದರಿಂದ, ಅದಕ್ಕೆ ಪ್ರತಿಯಾಗಿ ಬೇರೆ ಸೇವೆ ಏನೂ ಸಿಗದಿದ್ದಾಗ, ಜಾಹೀರಾತು ವೆಚ್ಚವೆಂದು ಬರೆಯದೆ ವರಮಾನದಿಂದಲೇ ಕಳೆಯಬೇಕು.

ಲೆಕ್ಕಪತ್ರದ ಈ ನೋಟವನ್ನು ತೆರಿಗೆ ಇಲಾಖೆ ಒಪ್ಪಲಿಲ್ಲ. 2022ರ ಸೆಪ್ಟೆಂಬರಿನಲ್ಲಿ ಬೆಂಗಳೂರಿನ ಗೇಮ್ಸ್‌ಕ್ರಾಫ್ಟ್ ಕಂಪನಿಗೆ ಸುಮಾರು 20,989 ಕೋಟಿ ರೂಪಾಯಿ ಜಿಎಸ್‌ಟಿ ಕೇಳಿ ಕಾರಣ ಕೇಳುವ ನೋಟಿಸು ಬಂತು. ಕಂಪನಿ ತನ್ನ ಶುಲ್ಕದ ಮೇಲೆ ಶೇ. 18 ಕಟ್ಟಿತ್ತು, ಇಲಾಖೆ ಕೇಳಿದ್ದು ಆಟಗಾರರು ಕಟ್ಟಿದ ಪೂರ್ತಿ ಮೊತ್ತದ ಮೇಲೆ ಶೇ. 28. ಮೇಲಿನ ಆಟದಲ್ಲೇ ನೋಡಿದರೆ ಮೊದಲನೆಯದು 3 ರೂಪಾಯಿ 60 ಪೈಸೆ, ಎರಡನೆಯದು 56 ರೂಪಾಯಿ. ತೆರಿಗೆಯೇ ವರಮಾನದ ಎರಡೂವರೆ ಪಟ್ಟಿಗೂ ಮೇಲೆ. ರಮ್ಮಿ ಕೌಶಲದ ಆಟ, ಆನ್‌ಲೈನಿನಲ್ಲಿ ಆಡಿದರೂ ಜೂಜಾಗದು ಎಂದು ಕರ್ನಾಟಕ ಹೈಕೋರ್ಟ್ 2023ರ ಮೇ 11ರಂದು ನೋಟಿಸನ್ನು ರದ್ದುಪಡಿಸಿತು. ಮೇಲ್ಮನವಿಯಲ್ಲಿ ಸುಪ್ರೀಂ ಕೋರ್ಟ್ ಸೆಪ್ಟೆಂಬರ್ 6ರಂದು ಆ ತೀರ್ಪಿಗೆ ತಡೆ ನೀಡಿತು. 2023ರ ಅಕ್ಟೋಬರ್ 1ರಿಂದ ಆಟಗಾರ ಕಟ್ಟುವ ಪೂರ್ತಿ ಹಣದ ಮೇಲೆ ಶೇ. 28 ತೆರಿಗೆ ಎಂದು ಕಾನೂನನ್ನೇ ತಿದ್ದಲಾಯಿತು. ಹಳೆಯ ಅವಧಿಯ ಇಂಥ ಬೇಡಿಕೆ ವರಮಾನದ ಸಾಲಿನಲ್ಲಿ ಕಾಣುವುದಿಲ್ಲ. ಕಟ್ಟಬೇಕಾಗಿ ಬರುವ ಸಂಭವ ಹೆಚ್ಚೆಂದು ತೋರಿದರೆ ಅದಕ್ಕೆ ಹಣ ತೆಗೆದಿಡಬೇಕು, ಹಾಗಿಲ್ಲದಿದ್ದರೆ ಟಿಪ್ಪಣಿಯಲ್ಲಿ ಸಂಭಾವ್ಯ ಹೊಣೆಯೆಂದು ತಿಳಿಸಬೇಕು. ಇದು ಇಂಡ್ ಎಎಸ್ 37ರ ವಿಧಿ. ಒಂದು ಕಂಪನಿಯ ಅಳಿವು ಉಳಿವು ಕೆಲವೊಮ್ಮೆ ಆ ಒಂದು ಟಿಪ್ಪಣಿಯಲ್ಲಿ ಅಡಗಿರುತ್ತದೆ.

2025ರ ಆಗಸ್ಟ್ 22ರಂದು ರಾಷ್ಟ್ರಪತಿಗಳ ಅಂಕಿತ ಪಡೆದ ಆನ್‌ಲೈನ್ ಗೇಮಿಂಗ್ ಕಾಯ್ದೆ ಹಣ ಕಟ್ಟಿ ಆಡುವ ಆಟಗಳನ್ನೇ ನಿಷೇಧಿಸಿತು. ಇ-ಸ್ಪೋರ್ಟ್ಸ್ ಮತ್ತು ಸಾಮಾಜಿಕ ಆಟಗಳಿಗೆ ಪ್ರೋತ್ಸಾಹದ ಮಾತು ಹೇಳಿತು. ಬೆಂಗಳೂರಿನ ದೊಡ್ಡ ವೇದಿಕೆಗಳು ಹಣದ ಆಟ ನಿಲ್ಲಿಸಿದಾಗ ವಾಲೆಟ್ಟಿನಲ್ಲಿದ್ದ ಹಣದ ಸ್ವರೂಪ ಎಲ್ಲರಿಗೂ ಕಾಣುವಂತಾಯಿತು. ಅದು ಆಟಗಾರರಿಗೆ ಹಿಂದಿರುಗಬೇಕಾದ ಹಣ, ಆಟ ಮುಚ್ಚಿದ ಮಾತ್ರಕ್ಕೆ ಫಾರ್ಮ್‌ವಿಲ್‌ನ ನಾಣ್ಯಗಳಂತೆ ವರಮಾನವಾಗುವಂಥದಲ್ಲ.

ಕೊನೆಯದಾಗಿ ಸಣ್ಣ ಸ್ಟುಡಿಯೊಗಳ ವಿಷಯ. ಷೇರುಪೇಟೆಯಲ್ಲಿರುವ ಕಂಪನಿಗಳಿಗೆ ಮತ್ತು ನಿವ್ವಳ ಮೌಲ್ಯ 250 ಕೋಟಿ ರೂಪಾಯಿ ಮುಟ್ಟಿದವಕ್ಕೆ ಇಂಡ್ ಎಎಸ್ ಅನ್ವಯಿಸುತ್ತದೆ. ಉಳಿದ ಕಂಪನಿಗಳಿಗೆ 1985ರ ಎಎಸ್ 9 ಇಂದಿಗೂ ಅನ್ವಯ. ಅದರಲ್ಲಿ ಐದು ಹೆಜ್ಜೆಗಳಿಲ್ಲ, ಆಟಗಾರನ ಅವಧಿಯ ಮಾತಿಲ್ಲ. ಸೇವೆ ಪೂರ್ತಿಯಾದಾಗ ಅಥವಾ ನಡೆದ ಪ್ರಮಾಣಕ್ಕೆ ತಕ್ಕಂತೆ ವರಮಾನ ಬರೆಯಬೇಕೆಂಬ ಸಾಮಾನ್ಯ ಸೂತ್ರವಿದೆ. ಕರ್ನಾಟಕ 2012ರಲ್ಲೇ ಅನಿಮೇಷನ್ ಮತ್ತು ಗೇಮಿಂಗ್ ನೀತಿ ತಂದ ರಾಜ್ಯ. ಇಲ್ಲಿಯ ಸಣ್ಣ ಸ್ಟುಡಿಯೊಗಳಲ್ಲಿ ಲೆಕ್ಕ ಬರೆಯುವ ಕೆಲಸಕ್ಕೆ ಕರಾವಳಿಯ ವಾಣಿಜ್ಯ ಪದವೀಧರರೂ ಹೋಗುತ್ತಾರೆ. ಎಎಸ್ 9ರ ಅಡಿಯಲ್ಲೂ ಅವರು ಆರಂಭದಿಂದಲೇ ಇಡಬೇಕಾದ ದಾಖಲೆಗಳಿವೆ: ಯಾವ ಆಟಗಾರ ಯಾವ ದಿನ ಎಷ್ಟು ರತ್ನ ಕೊಂಡ, ಪುಕ್ಕಟೆ ಸಿಕ್ಕವು ಎಷ್ಟು, ಯಾವುದನ್ನು ಮೊದಲು ಖರ್ಚು ಮಾಡಿದ, ಕೊನೆಯ ಬಾರಿ ಆಡಿದ್ದು ಎಂದು. ಮುಂದೊಂದು ದಿನ ಕಂಪನಿ ಬೆಳೆದು ಇಂಡ್ ಎಎಸ್‌ಗೆ ಬದಲಾಗುವಾಗ ಹಿಂದಿನ ವರ್ಷದ ಅಂಕಿಗಳನ್ನೂ ಹೊಸ ಮಾನದಂಡದಲ್ಲೇ ಕೊಡಬೇಕಾಗುತ್ತದೆ. ಈ ದಾಖಲೆಗಳಿಲ್ಲದೆ ಆ ಅಂಕಿಗಳನ್ನು ಕಟ್ಟಲು ಬರುವುದಿಲ್ಲ.